ಕೀಲಿ ಯಾವುದು, ತಮ್ಮಾ?

ಪ್ರೀತಿಯ ತಮ್ಮಾ,

ನಿನ್ನ ಕಾದಂಬರಿಯ ಹಾಳೆಗಳ ಕಟ್ಟು ಬಂದು ಮೂರು ವಾರ ಆಯಿತು. ಎರಡು ಸಲ ಓದಿದೆ. ಮೊದಲ ಸಲ ಖುಷಿಯಾಯಿತು, ಎರಡನೇ ಸಲ ಸಿಟ್ಟು ಬಂತು. ಜೊತೆಗಿಟ್ಟ ಚೀಟಿಯಲ್ಲಿ ‘ಇದೂ ಆಗಲಿಲ್ಲ ಅಂದ್ರೆ ಬರೆಯೋದನ್ನೇ ಬಿಡ್ತೀನಿ ಅಕ್ಕೋರೆ’ ಅಂತ ಬೇರೆ ಬರೆದಿದ್ದೀಯ. ಹತ್ತಿರ ಇದ್ದಿದ್ದರೆ ಕಿವಿ ಹಿಂಡುತ್ತಿದ್ದೆ. ಇಪ್ಪತ್ನಾಲ್ಕು ವರ್ಷಕ್ಕೇ ಬಿಡುವುದಕ್ಕೆ ನೀನು ಹಿಡಿದಿದ್ದಾದರೂ ಏನು?

ಎಷ್ಟು ಪುಟ ಇರಬೇಕು, ಯಾವ ಪ್ರಕಾಶಕರಿಗೆ ಕಳಿಸಬೇಕು, ಮುನ್ನುಡಿ ಯಾರ ಕೈಲಿ ಬರೆಸಬೇಕು ಅಂತ ಕೇಳಿದ್ದೀಯ. ಅದನ್ನೆಲ್ಲ ನಿನ್ನ ಗೆಳೆಯರನ್ನು ಕೇಳು, ನನಗಿಂತ ಚೆನ್ನಾಗಿ ಹೇಳುತ್ತಾರೆ. ನನ್ನ ಹತ್ತಿರ ಇರುವುದು ಒಂದೇ ಮಾತು. ಅದನ್ನು ತೆಗೆದರೆ ನನ್ನನ್ನು ಬಲ್ಲವರು ಎದ್ದು ಹೋಗುತ್ತಾರೆ. ನೀನು ಸುಮ್ನೆ ಕೂತು ಕೇಳು.

ನಿನ್ನ ಅನುವಾದಕರ ಗುಪ್ತ ಕೂಟ ನನಗೆ ಇಷ್ಟವಾಯಿತು. ಅವರ ಮನೆ ಇನ್ನೂ ಇಷ್ಟವಾಯಿತು. ಹೊರಗಿನಿಂದ ಮೂರಂಕಣದ ಮನೆ, ಒಳಗೆ ಎಪ್ಪತ್ತು ಕೋಣೆ. ಮೆಟ್ಟಿಲು ಹತ್ತುತ್ತಾ ಹೋದರೆ ಹೊರಟಲ್ಲಿಗೇ ಬಂದು ನಿಲ್ಲುತ್ತಾರೆ. ಆದರೆ ಆ ಮೆಟ್ಟಿಲು ನಿನ್ನದಲ್ಲ, ಅಲ್ವಾ? 1958ರಲ್ಲಿ ಲಯನೆಲ್ ಪೆನ್‌ರೋಸ್, ರೋಜರ್ ಪೆನ್‌ರೋಸ್ ಎಂಬ ಅಪ್ಪ ಮಗ ಅದರ ಚಿತ್ರವನ್ನು ಒಂದು ಮನೋವಿಜ್ಞಾನದ ಪತ್ರಿಕೆಯಲ್ಲಿ ಅಚ್ಚು ಹಾಕಿಸಿದರು. ಎರಡೇ ವರ್ಷಕ್ಕೆ ಎಶರ್ ಎಂಬ ಡಚ್ ಚಿತ್ರಕಾರ ಅದನ್ನು ಒಂದು ಕಟ್ಟಡದ ಮಾಳಿಗೆಯ ಮೇಲೆ ಕೂರಿಸಿದ. ಸನ್ಯಾಸಿಗಳಂಥವರ ಒಂದು ಸಾಲು ಹತ್ತುತ್ತಲೇ ಇರುತ್ತದೆ, ಇನ್ನೊಂದು ಸಾಲು ಇಳಿಯುತ್ತಲೇ ಇರುತ್ತದೆ. ಕದ್ದದ್ದಕ್ಕೆ ನನ್ನ ತಕರಾರಿಲ್ಲ, ಪೂರ್ತಿ ಕದಿಯಲಿಲ್ಲವಲ್ಲ ಅಂತ ಬೇಜಾರು. ಆ ಚಿತ್ರದಲ್ಲಿ ಇಬ್ಬರು ಸಾಲಿಗೆ ಸೇರಿಲ್ಲ. ಒಬ್ಬ ಕೆಳಗೆ ನಿಂತು ಕತ್ತೆತ್ತಿ ಅವರನ್ನು ನೋಡುತ್ತಿದ್ದಾನೆ. ಇನ್ನೊಬ್ಬ ಇನ್ನೂ ಕೆಳಗಿನ ಮೆಟ್ಟಿಲ ಮೇಲೆ ಒಬ್ಬನೇ ಕೂತಿದ್ದಾನೆ. ನಾನು ಆ ಚಿತ್ರ ನೋಡುವುದೇ ಅವರಿಬ್ಬರಿಗಾಗಿ. ನಿನ್ನ ಮನೆಯಲ್ಲಿ ಅಂಥವನು ಒಬ್ಬನೂ ಇಲ್ಲ.

ಏಳನೇ ಅಧ್ಯಾಯಕ್ಕೆ ಬರುತ್ತೇನೆ. ಎಪ್ಪತ್ತು ಜನ ಎಪ್ಪತ್ತು ಕೋಣೆಯಲ್ಲಿ ಕದ ಹಾಕಿಕೊಂಡು ಒಂದೇ ಪುಸ್ತಕ ಅನುವಾದಿಸುತ್ತಾರೆ. ಬೆಳಗಾದರೆ ಎಲ್ಲರದ್ದೂ ಒಂದೇ ಪಾಠ, ಒಂದಕ್ಷರ ಹೆಚ್ಚು ಕಡಿಮೆ ಇಲ್ಲ. ಈ ಕತೆ ಬಲು ಹಳೆಯದು ಕಣೋ. ಕ್ರಿ.ಪೂ. 3ನೇ ಶತಮಾನದಲ್ಲಿ ಅಲೆಕ್ಸಾಂಡ್ರಿಯಾದ ದೊರೆ ಎರಡನೇ ಟಾಲೆಮಿ ಯಹೂದಿಗಳ ಧರ್ಮಗ್ರಂಥವನ್ನು ಹೀಬ್ರೂವಿನಿಂದ ಗ್ರೀಕಿಗೆ ತರಿಸಿದನಂತೆ. ಅರಿಸ್ಟಿಯಸ್‌ನ ಪತ್ರ ಎಂಬ ಹಳೇ ಬರಹದಲ್ಲಿ ಇದು ಬರುತ್ತದೆ. 72 ಹಿರಿಯರನ್ನು ಫಾರೋಸ್ ದ್ವೀಪದ ಒಂದು ಮನೆಗೆ ಕರೆದುಕೊಂಡು ಹೋಗುತ್ತಾರೆ. ಸಮುದ್ರದ ದಡ, ಗದ್ದಲ ಇಲ್ಲ. ಅವರು ಬೆಳಿಗ್ಗೆ ಸಮುದ್ರದ ನೀರಿನಲ್ಲಿ ಕೈ ತೊಳೆದು, ಪ್ರಾರ್ಥನೆ ಮಾಡಿ ಕೆಲಸಕ್ಕೆ ಕೂರುತ್ತಾರೆ. ಒಬ್ಬರದ್ದನ್ನು ಇನ್ನೊಬ್ಬರದ್ದರ ಪಕ್ಕ ಇಟ್ಟು ನೋಡಿ, ಮಾತಾಡಿ, ಒಂದು ಒಪ್ಪಿಗೆಗೆ ಬರುತ್ತಾರೆ. 72 ದಿನಕ್ಕೆ ಮುಗಿಯುತ್ತದೆ.

ಆ ಕೈ ತೊಳೆಯುವುದು ನನಗೆ ಬಹಳ ಇಷ್ಟ. ಉಪ್ಪು ನೀರು, ಒದ್ದೆ ಕೈ, ಆಮೇಲೆ ಇಡೀ ದಿನ ಪದಗಳ ಮೇಲೆ ಚೌಕಾಶಿ.

ಆಮೇಲೆ ಈ ಕತೆ ಹೇಳಿದವರಿಗೆ ಇಷ್ಟು ಸಾಲಲಿಲ್ಲ. ಅಷ್ಟೂ ಜನರನ್ನು ಬೇರೆ ಬೇರೆ ಕೋಣೆಗೆ ಹಾಕಿದರು. ಯಾರೂ ಯಾರನ್ನೂ ಕೇಳಲಿಲ್ಲ, ಆದರೂ ಎಲ್ಲರೂ ಒಂದೇ ಥರ ಬರೆದರು ಅಂದರು. ಯಹೂದಿಗಳ ಹಳೇ ಧರ್ಮಚರ್ಚೆಯ ಗ್ರಂಥ ತಾಲ್ಮುದ್‌ನಲ್ಲೂ ಈ ಕೋಣೆಗಳಿವೆ. ಕ್ರಿ.ಶ. 400ರ ಆಸುಪಾಸಿನಲ್ಲಿ ಬೈಬಲನ್ನು ಲ್ಯಾಟಿನ್‌ಗೆ ತಂದ ಜೆರೋಮ್‌ಗೆ ಇದನ್ನು ಕೇಳಿ ಮೈ ಉರಿಯಿತು. ಅಲೆಕ್ಸಾಂಡ್ರಿಯಾದಲ್ಲಿ ಆ ಎಪ್ಪತ್ತು ಕೋಣೆಗಳನ್ನು ತನ್ನ ಸುಳ್ಳಿನಿಂದ ಕಟ್ಟಿದವನು ಯಾರೋ ಗೊತ್ತಿಲ್ಲ ಅಂತ ಬರೆದ. ಒಂದೊಂದು ಪದಕ್ಕೆ ರಾತ್ರಿಯೆಲ್ಲ ಒದ್ದಾಡಿದವನ ಸಿಟ್ಟು ಅದು. ನನಗೆ ಅರ್ಥವಾಗುತ್ತದೆ. ನಿನ್ನ ಮೆಟ್ಟಿಲನ್ನು ನಾನು ನಂಬಿದೆ. ಎಪ್ಪತ್ತು ಜನ ಜಗಳ ಆಡದೆ ಒಂದು ವಾಕ್ಯ ಮುಗಿಸಿದ್ದನ್ನು ನಂಬುವುದಕ್ಕೆ ಆಗಲಿಲ್ಲ.

ವಿಜಯಪುರದ ಹುಡುಗ ನೀನು. ಗೋಳಗುಮ್ಮಟಕ್ಕೆ ಎಷ್ಟು ಸಲ ಹತ್ತಿದ್ದೀಯೋ. ಹೊರಗಿನಿಂದ 44 ಮೀಟರ್ ಅಗಲದ ಗುಮ್ಮಟ, ಒಳಗೆ ಅದಕ್ಕೆ ಆಸರೆಯಾಗಿ ಒಂದು ಕಂಬ ಇಲ್ಲ. ಅದೂ ನಂಬಲು ಕಷ್ಟವಾದ ಕಟ್ಟಡವೇ. ಮೇಲೆ ಹೋಗಿ ಹುಡುಗರು ಕೂಗುತ್ತಾರೆ, ಕೂಗಿದ್ದೇ ತಿರುಗಿ ತಿರುಗಿ ಬರುತ್ತದೆ. ಹತ್ತು ನಿಮಿಷ ಮಜಾ. ಆಮೇಲೆ ಇಳಿದು ಹೋಗಿ ಶೇಂಗಾ ತಿನ್ನುತ್ತಾರೆ. ನಿನ್ನ ಎಪ್ಪತ್ತು ಜನರೂ ಹಾಗೇ ಆದರು ನೋಡು.

ಇಷ್ಟು ಜೋರು ಮಾಡುತ್ತಾಳಲ್ಲ ಮುದುಕಿ, ಇವಳೇನು ಮಹಾ ಅಂತ ಕೇಳುತ್ತೀಯ. ಕೇಳು. ಮೂವತ್ತು ವರ್ಷದ ಹಿಂದೆ ಮರಾಠಿಯಿಂದ ಒಂದು ಕಾದಂಬರಿಯನ್ನು ಕನ್ನಡಕ್ಕೆ ತಂದೆ. ಅದರಲ್ಲಿ ಒಬ್ಬ ನೇಕಾರ ರಾತ್ರಿ ಚಿಮಣಿ ಬೆಳಕಿನಲ್ಲಿ ಹಾಸಿನ ಎಳೆ ಹರಿದದ್ದನ್ನು ಒಂದೊಂದಾಗಿ ಗಂಟು ಹಾಕುತ್ತಾನೆ. ಎಂಟು ಸಾಲು. ಮಗ್ಗದ ಯಾವ ಭಾಗಕ್ಕೆ ಏನನ್ನುತ್ತಾರೆ ಅಂತ ನನಗೆ ತಿಳಿಯಲಿಲ್ಲ. ಬಸ್ಸು ಹತ್ತಿ ನೇಕಾರರ ಊರು ಬನಹಟ್ಟಿಗೆ ಹೋಗಿದ್ದರೆ ಯಾರಾದರೂ ಹೇಳುತ್ತಿದ್ದರು. ಹೋಗಲಿಲ್ಲ. ಎಂಟೂ ಸಾಲು ಬಿಟ್ಟುಬಿಟ್ಟೆ. ಪುಸ್ತಕ ಬಂತು. ವಿಮರ್ಶೆಯಲ್ಲಿ ಒಬ್ಬರು ‘ನೀರಿನಂತೆ ಹರಿಯುವ ಅನುವಾದ’ ಅಂದರು. ಹರಿಯದೆ ಏನು ಮಾಡುತ್ತದೆ, ಕಲ್ಲನ್ನೇ ಎತ್ತಿ ಹಾಕಿದ್ದೆನಲ್ಲ! ಆ ವಿಮರ್ಶೆಯನ್ನು ಕತ್ತರಿಸಿ ಫೈಲಿನಲ್ಲಿ ಇಟ್ಟುಕೊಂಡೆ ಬೇರೆ.

ಆರು ತಿಂಗಳ ಮೇಲೆ ಒಂದು ಕಾರ್ಡು ಬಂತು. ಮರಾಠಿಯನ್ನೂ ಓದಿದ್ದ ಒಬ್ಬ ನೇಕಾರರದ್ದು. ‘ಅಕ್ಕೋರೆ, ಎಳೆ ಗಂಟು ಹಾಕೋದು ಎಲ್ಲಿ ಹೋಯಿತು?’ ಇಷ್ಟೇ. ಉತ್ತರ ಬರೆಯಲಿಲ್ಲ ನಾನು. ಆ ಪುಸ್ತಕದ ಮುಖಪುಟದ ಮೇಲೆ ಅನುವಾದಕಿಯ ಹೆಸರು ಹಾಕಿರಲಿಲ್ಲ. ಅದಕ್ಕೆ ಪ್ರಕಾಶಕರ ಮೇಲೆ ಇವತ್ತಿಗೂ ಸಿಟ್ಟಿದೆ. ಆದರೆ ಕಾರ್ಡು ಬಂದ ದಿನ ಮಾತ್ರ, ಸದ್ಯ ಹೆಸರಿಲ್ಲವಲ್ಲ ಅನ್ನಿಸಿತ್ತು.

ಅದಕ್ಕೇ ನಿನ್ನ ಕೂಟದಲ್ಲಿ ತಡವರಿಸುವವನೊಬ್ಬ ಬೇಕು ಅಂತ ನನ್ನ ಹಟ. ಸಿಗದಿದ್ದರೆ 41ನೇ ಪುಟ ತೆಗೆದು ನೋಡು. ಕೂಟದ ಹಿರಿಯ ಸಾಯುವ ಮುಂಚೆ ಹೊಸಬನ ಅಂಗೈಯಲ್ಲಿ ‘ಕೀಲಿ’ ಇಡುತ್ತಾನೆ. ನೀನು ಅಲ್ಲಿಂದ ಒಂದೇ ಓಟದಲ್ಲಿ ಮುಂದಿನ ಕೋಣೆಗೆ ಹೋಗಿದ್ದೀಯ. ನಮ್ಮ ಕಡೆ ಕೀಲಿ ಅಂದರೆ ಬೀಗ. ಅದನ್ನು ತೆಗೆಯುವುದಕ್ಕೆ ಕೀಲಿಕೈ ಬೇಕು. ಬೆಂಗಳೂರು ಕಡೆಯ ಎಷ್ಟೋ ಜನ ಕೀಲಿ ಅನ್ನುವುದನ್ನೇ ಬೀಗದ ಕೈ ಅಂತ ಓದುತ್ತಾರೆ. ಮುದುಕ ಕೊಟ್ಟಿದ್ದು ಯಾವುದು, ಬಾಗಿಲು ಹಾಕುವುದೋ ತೆಗೆಯುವುದೋ? ನನಗೆ ಹೇಳಬೇಡ. ಆ ಎಪ್ಪತ್ತು ಜನರ ನಡುವೆ ಇಟ್ಟು ನೋಡು.

ಕಟ್ಟನ್ನು ನಾಳೆ ಸ್ಪೀಡ್ ಪೋಸ್ಟಿಗೆ ಹಾಕಿಸುತ್ತೇನೆ. 63ನೇ ಪುಟದ ಮೇಲಿನ ಕಲೆ ಚಹಾದ್ದು, ಅತ್ತಿದ್ದು ಅಂದುಕೊಳ್ಳಬೇಡ.

ನಿನ್ನ
ಅಕ್ಕೋರು