ಕೊರಗ ಭಾಷೆ ಮಕ್ಕಳ ಕಿವಿಗೂ ಬೀಳಲಿ

ಮಾನ್ಯರೇ,

ಲಿಪಿಯಿಲ್ಲದ ಭಾಷೆಗಳನ್ನು ದಾಖಲಿಸುವ ಕೆಲಸದ ಬಗ್ಗೆ ಓದಿದಾಗ, ಸದ್ದಿಲ್ಲದೆ ಕರಗುತ್ತಿರುವ ನಮ್ಮ ಕರಾವಳಿಯ ಕೊರಗ ಭಾಷೆ ನೆನಪಾಯಿತು. ಭಾಷಾ ವಿಜ್ಞಾನಿ ಡಿ.ಎನ್. ಶಂಕರ ಭಟ್ಟರು 1971ರಲ್ಲೇ ಇದರ ಬಗ್ಗೆ ಪುಸ್ತಕ ಬರೆದರು. ದೊಡ್ಡ ಕೆಲಸ, ನಿಜ. ಆದರೆ ಅದಿರುವುದು ಇಂಗ್ಲಿಷಿನಲ್ಲಿ. ಕೊರಗ ಭಾಷೆಯನ್ನಾಡುವ ಅಜ್ಜಿಗೆ ಅದು ದಕ್ಕುವುದು ಕಷ್ಟ ಅಲ್ವಾ? ಊರಲ್ಲಿ ತುಳು, ಶಾಲೆಯಲ್ಲಿ ಕನ್ನಡ. ಮನೆಮಾತಿಗೆ ಜಾಗವೇ ಕಡಿಮೆ.

ಅಳಿವಿನಂಚಿನ ಭಾಷೆಗಳಿಗಾಗಿ ಮೈಸೂರಿನ ಭಾರತೀಯ ಭಾಷಾ ಸಂಸ್ಥಾನದಲ್ಲಿ 2013ರಲ್ಲಿ ಯೋಜನೆಯೊಂದು ಶುರುವಾಯಿತು. ಇಂಥ ಕೆಲಸಕ್ಕೆ ಕೊರಗ ಸಮುದಾಯದ ಹುಡುಗ ಹುಡುಗಿಯರಿಗೇ ತರಬೇತಿ, ಸಂಬಳ ಕೊಡಲಿ. ಅವರು ಧ್ವನಿಮುದ್ರಿಸಿಕೊಂಡ ಹಿರಿಯರ ಕತೆ, ಹಾಡುಗಳನ್ನು ಅವರ ಊರುಗಳ ಅಂಗನವಾಡಿಗಳಲ್ಲಿ ಮಕ್ಕಳಿಗೆ ಕೇಳಿಸಲಿ.

– ಓದುಗ, ಕುಂದಾಪುರ