ಕಬೋಚಾ ನಿಮೋನೊ ಮಾಡುವ ಸದಸ್ಯರಿಗೆ ಸೂಚನೆ

ವರ್ಷದ ಅತಿ ಚಿಕ್ಕ ಹಗಲಿನ ದಿನವಾದ ತೋಜಿಯಂದು ಜಪಾನಿನ ಮನೆಗಳಲ್ಲಿ ತಿನ್ನುವ ಈ ಬೇಯಿಸಿದ ಕುಂಬಳಕ್ಕೆ, 400 ಗ್ರಾಂ ಕಬೋಚಾ ಎಂಬ ಜಪಾನಿ ಸಿಹಿಗುಂಬಳವನ್ನು ಸಿಪ್ಪೆಸಹಿತ ದೊಡ್ಡ ಹೋಳುಗಳಾಗಿ ಹೆಚ್ಚಿ, ಬೇಯುವಾಗ ಒಡೆಯದಂತೆ ಅಂಚುಗಳನ್ನು ತುಸು ಕೆತ್ತಿ, ಸಿಪ್ಪೆ ಕೆಳಗಾಗುವಂತೆ ಒಂದೇ ಪದರದಲ್ಲಿ ಜೋಡಿಸಿರಿ. ಇದನ್ನು ಬೇಯಿಸುವ ದಾಶಿ ಎಂಬ ಜಪಾನಿ ತಿಳಿಸಾರಿನಲ್ಲಿ ಸಾಮಾನ್ಯವಾಗಿ ಒಣಮೀನು ಇರುವುದರಿಂದ ಸಸ್ಯಾಹಾರಿ ಸದಸ್ಯರು ಕೊಂಬು ಎಂಬ ಕಡಲಪಾಚಿಯನ್ನು ರಾತ್ರಿಯಿಡೀ ನೆನೆಸಿದ ನೀರನ್ನು ಬಳಸಬೇಕು; ನನಗಂತೂ ಆ ಸೌಮ್ಯ ರುಚಿಯೇ ಕುಂಬಳಕ್ಕೆ ಹೆಚ್ಚು ಒಪ್ಪುತ್ತದೆ. ಮೊದಲು ಸಕ್ಕರೆ, ಆಮೇಲೆ ಸೋಯಾ ಸಾಸ್ ಎಂಬ ಕ್ರಮವನ್ನು ದಯವಿಟ್ಟು ಬದಲಿಸಬೇಡಿ. ಪಾತ್ರೆಯ ಬಾಯಿಗಿಂತ ಚಿಕ್ಕದಾದ ಒತೋಷಿಬುತಾ ಮುಚ್ಚಳವನ್ನು, ಅದಿಲ್ಲದಿದ್ದರೆ ದುಂಡಗೆ ಕತ್ತರಿಸಿದ ಬೇಕಿಂಗ್ ಕಾಗದವನ್ನು, ಹೋಳುಗಳ ಮೇಲೆಯೇ ಇರಿಸಿದರೆ ಕಡಿಮೆ ರಸವೂ ಎಲ್ಲೆಡೆ ಸಮನಾಗಿ ಹರಡುತ್ತದೆ. ಮಂದ ಉರಿಯಲ್ಲಿ ಬೆಂದ ಮೇಲೆ ಕೂಡಲೇ ಬಡಿಸದೆ ರಸದಲ್ಲಿಯೇ ಆರಲು ಬಿಡಿ. ರುಚಿ ಹೋಳಿನೊಳಗೆ ಚೆನ್ನಾಗಿ ಇಳಿಯುವುದು ಆಗಲೇ.