ಹಸಿರು ಪೆನ್ಸಿಲಿನ ಗೆರೆ ಇನ್ನೂ ಅಳಿಸಿಲ್ಲ

ಮಾನ್ಯ ಸಂಪಾದಕರೇ,

ಬರ್ಲಿನ್ ಗೋಡೆಯ ಕುರಿತ ನಿಮ್ಮ ಭಾನುವಾರದ ಲೇಖನ ಚೆನ್ನಾಗಿತ್ತು. ಆದರೆ 1989ರಲ್ಲಿ ಗೋಡೆ ಬಿದ್ದ ಮೇಲೆ ಇಬ್ಭಾಗವಾದ ರಾಜಧಾನಿಗಳ ಕಥೆಯೇ ಮುಗಿಯಿತು ಎಂಬಂತೆ ಬರೆದದ್ದು ಸರಿಯಲ್ಲ. ಸೈಪ್ರಸ್‌ನ ನಿಕೋಸಿಯಾ ಇಂದಿಗೂ ಎರಡು ಹೋಳಾಗಿಯೇ ಇದೆ. ಮಡಿಕೇರಿಯವನಾದ ನಾನು ಆ ಹೆಸರನ್ನು ಮರೆಯುವಂತಿಲ್ಲ. ನಮ್ಮ ಜನರಲ್ ತಿಮ್ಮಯ್ಯನವರು ವಿಶ್ವಸಂಸ್ಥೆಯ ಶಾಂತಿಪಾಲನಾ ಪಡೆಯ ಮುಖ್ಯಸ್ಥರಾಗಿದ್ದಾಗಲೇ, 1965ರ ಡಿಸೆಂಬರ್‌ನಲ್ಲಿ, ತೀರಿಕೊಂಡದ್ದು ಆ ದ್ವೀಪದಲ್ಲಿ.

1963ರ ಡಿಸೆಂಬರ್‌ನಲ್ಲಿ ಅಲ್ಲಿನ ಗ್ರೀಕರು ಮತ್ತು ತುರ್ಕರ ನಡುವೆ ರಕ್ತಪಾತವಾದಾಗ, ಬ್ರಿಟಿಷ್ ಸೇನಾಧಿಕಾರಿ ಪೀಟರ್ ಯಂಗ್ ನಕ್ಷೆಯ ಮೇಲೆ ಹಸಿರು ಪೆನ್ಸಿಲಿನಿಂದ ಒಂದು ಗೆರೆ ಎಳೆದರು. ಗುಂಡಿನ ಸದ್ದು ನಿಂತರೆ ಸಾಕೆಂದು ಎಳೆದ ಗೆರೆ ಅದು. 1974ರಲ್ಲಿ ಗ್ರೀಸಿನ ಸೇನಾಡಳಿತದ ಕುಮ್ಮಕ್ಕಿನಿಂದ ಸೈಪ್ರಸ್ ಸರ್ಕಾರ ಉರುಳಿತು, ಬೆನ್ನಲ್ಲೇ ತುರ್ಕಿಯ ಸೇನೆ ಬಂದಿಳಿಯಿತು, ಗೆರೆ ಮುಳ್ಳುತಂತಿಯಾಯಿತು. ವೆನಿಸಿನವರು ಕಟ್ಟಿಸಿದ ದುಂಡು ಕೋಟೆಯ 11 ಕೊತ್ತಳಗಳಲ್ಲಿ ಐದು ಅತ್ತ, ಐದು ಇತ್ತ, ಉಳಿದೊಂದು ನಡುವಿನ ನಿರ್ಜನ ಪಟ್ಟಿಯಲ್ಲಿ. ದಾಯಾದಿಗಳ ಪಾಲುಪಟ್ಟಿಯೂ ಇಷ್ಟು ಕರಾರುವಾಕ್ಕಾಗಿರುವುದಿಲ್ಲ! ಆ ಪಟ್ಟಿಯೊಳಗೆ, ಮಾರಾಟಕ್ಕೆಂದು 1974ರಲ್ಲಿ ತರಿಸಿದ್ದ ಹೊಚ್ಚಹೊಸ ಟೊಯೋಟಾ ಕಾರುಗಳು ದೂಳು ಹೊದ್ದುಕೊಂಡು ಹಾಗೆಯೇ ಉಳಿದುಬಿಟ್ಟವು.

ಒಂದೂವರೆ ಲಕ್ಷಕ್ಕೂ ಹೆಚ್ಚು ಗ್ರೀಕರು ದಕ್ಷಿಣಕ್ಕೆ, 40,000ಕ್ಕೂ ಹೆಚ್ಚು ತುರ್ಕರು ಉತ್ತರಕ್ಕೆ ಗುಳೆ ಹೋದರು. 2003ರ ಏಪ್ರಿಲ್‌ನಲ್ಲಿ ದಾರಿ ತೆರೆದಾಗ ಜನ 29 ವರ್ಷಗಳ ಬಳಿಕ ತಮ್ಮದೇ ಮನೆಯ ಬಾಗಿಲು ತಟ್ಟಿದರು. ತೆರೆದವರು ಬೇರೆ ಸಂಸಾರದವರು. ಅವರಲ್ಲಿ ಕೆಲವರು ಕಾಫಿ ಕೊಟ್ಟು, ಅಷ್ಟು ವರ್ಷ ಜೋಪಾನ ಮಾಡಿದ್ದ ಹಳೆಯ ಮದುವೆ ಫೋಟೋಗಳನ್ನು ತಂದು ಕೈಗಿತ್ತರಂತೆ. ಕಾಣೆಯಾದವರ ಪಟ್ಟಿಯಲ್ಲಿ ಎರಡೂ ಕಡೆಯ 2002 ಹೆಸರುಗಳಿದ್ದವು. ಎರಡೂ ಸಮುದಾಯದ ತಜ್ಞರು ಒಂದೇ ಮೇಜಿನ ಮೇಲೆ ಮೂಳೆಗಳನ್ನು ಜೋಡಿಸಿ, ಡಿಎನ್‌ಎ ಹೋಲಿಸಿ, ಸಾವಿರಕ್ಕೂ ಹೆಚ್ಚು ಜನರನ್ನು ಗುರುತಿಸಿದ್ದಾರೆ. ಉಳಿದವರ ಮನೆಗಳಲ್ಲಿ ಉತ್ತರಕ್ರಿಯೆಗೂ ದೇಹವಿಲ್ಲ.

ಅಂಥ ಊರಿನಲ್ಲೂ ಒಳಚರಂಡಿ ಮಾತ್ರ ಒಂದೇ. ಎಪ್ಪತ್ತರ ದಶಕದ ಕೊನೆಗೆ ಎರಡೂ ಕಡೆಯ ಮೇಯರ್‌ಗಳಾದ ಲೆಲ್ಲೋಸ್ ಡಿಮಿಟ್ರಿಯಾಡಿಸ್ ಮತ್ತು ಮುಸ್ತಫಾ ಅಕಿಂಜಿ ಕೂತು ಮಾತಾಡಿ ಅದನ್ನು ಸಾಧಿಸಿದರು. ದೊಡ್ಡ ದೊಡ್ಡ ಸಂಧಾನಗಳು ಮುರಿದುಬಿದ್ದರೂ ಆ ಕೊಳವೆಗಳು ಹರಿಯುತ್ತಲೇ ಬಂದವು.

ಸೈಪ್ರಸ್ ಸರ್ಕಾರ 1966ರಲ್ಲಿ ತಿಮ್ಮಯ್ಯನವರ ನೆನಪಿಗೆ ಅಂಚೆಚೀಟಿ ಹೊರಡಿಸಿತು. ನಾವೋ, ಕಾಶ್ಮೀರದ ಜೋಜಿಲಾ ಕಣಿವೆಯ ಕಾಳಗ, ಕೊರಿಯಾದ ಯುದ್ಧಕೈದಿಗಳ ಕೆಲಸ ಎಂದು ಹೇಳಿ ಅವರ ಕಥೆ ಮುಗಿಸಿಬಿಡುತ್ತೇವೆ. ಬರುವ ಡಿಸೆಂಬರ್‌ನಲ್ಲಿ ಅವರ ಬಗ್ಗೆ ಬರೆಯುವಾಗ ನಿಕೋಸಿಯಾಕ್ಕೂ ಅರ್ಧ ಪುಟ ಕೊಡಿ.

ಇತಿ,
ನಿವೃತ್ತ ಇತಿಹಾಸ ಶಿಕ್ಷಕ, ಮಡಿಕೇರಿ